ಎ-ಸ್ಟೈಲ್ ಲೈಬ್ರರಿಯನ್ನು ಪೈಥಾನ್‌ನಿಂದ ಕರೆದರೆ ಸೆಗ್ಮೆಂಟೇಶನ್ ಫಾಲ್ಟ್, ಎಲ್ಲಿ ತಪ್ಪುತ್ತಿದ್ದೇನೆ?

ಲ್ಯಾಬ್_ಮೇಷ್ಟ್ರು:
ಎಲ್ಲರಿಗೂ ನಮಸ್ಕಾರ. ನಾನು ಡಿಪ್ಲೊಮಾ ಹುಡುಗರಿಗೆ ಸಿ ಲ್ಯಾಬ್ ನೋಡಿಕೊಳ್ಳುತ್ತೇನೆ. ಅವರು ಬರೆದ ಕೋಡ್ ಓದೋದೇ ಒಂದು ಶಿಕ್ಷೆ, ಒಬ್ಬನದು ಪೂರ್ತಿ ಎಡಗಡೆಗೆ ಅಂಟಿಕೊಂಡಿರುತ್ತದೆ, ಇನ್ನೊಬ್ಬಳದು ಮೆಟ್ಟಿಲು ಇಳಿದ ಹಾಗೆ ಬಲಕ್ಕೆ ಹೋಗುತ್ತಲೇ ಇರುತ್ತದೆ. ಅದಕ್ಕೆ ಪೈಥಾನ್‌ನಲ್ಲಿ ಸಣ್ಣದೊಂದು ಎಡಿಟರ್ ಮಾಡಿ "ನೀಟ್ ಮಾಡು" ಅಂತ ಒಂದು ಬಟನ್ ಇಟ್ಟಿದ್ದೇನೆ. ಅದನ್ನು ಒತ್ತಿದರೆ ಎ-ಸ್ಟೈಲ್‌ನ (ಕೋಡನ್ನು ಓರಣವಾಗಿ ಜೋಡಿಸೋ ಪ್ರೋಗ್ರಾಂ) ಡಾಟ್ ಎಸ್ಓ ಫೈಲನ್ನು, ಅಂದರೆ ಅದರ ಲೈಬ್ರರಿಯನ್ನು, ಸಿಟೈಪ್ಸ್ (ಪೈಥಾನ್‌ನಿಂದ ಸಿ ಫಂಕ್ಷನ್ ಕರೆಯೋ ಮಾಡ್ಯೂಲ್) ಮೂಲಕ ಕರೆಯುತ್ತೇನೆ.

ಅದರ ಮುಖ್ಯ ಫಂಕ್ಷನ್‌ಗೆ ನಾಲ್ಕು ಕೊಡಬೇಕು: ಕೋಡ್, ಆಯ್ಕೆಗಳು, ದೋಷ ಬಂದರೆ ಕರೆಯೋ ಫಂಕ್ಷನ್, ಮೆಮರಿ ಬೇಕಾದಾಗ ಕರೆಯೋ ಫಂಕ್ಷನ್. ನಾಲ್ಕೂ ಕೊಟ್ಟಿದ್ದೇನೆ. ವಾಪಸ್ ಬರೋದು ಪಾಯಿಂಟರ್ (ಮೆಮರಿ ವಿಳಾಸ) ಅಂತಲೂ ಸಿಟೈಪ್ಸ್‌ಗೆ ಹೇಳಿದ್ದೇನೆ. ಸಣ್ಣ ಪ್ರೋಗ್ರಾಂ ಆದರೆ ಚೆನ್ನಾಗಿ ನೀಟಾಗುತ್ತದೆ, ಆದರೆ ಐದಾರು ಸಲ ಒತ್ತಿದ ಮೇಲೆ ಎಡಿಟರ್ ಸಂಬಂಧವೇ ಇಲ್ಲದ ಕಡೆ ಎಲ್ಲೋ ಬಿದ್ದುಹೋಗುತ್ತದೆ. ಸುಮಾರು 200 ಕೆಬಿಯ ಒಂದು ಫೈಲ್ ಹಾಕಿ ನೋಡಿದೆ, ಒತ್ತಿದ ಕೂಡಲೇ ಸೆಗ್ಮೆಂಟೇಶನ್ ಫಾಲ್ಟ್, ಅಂದರೆ ತನ್ನದಲ್ಲದ ಮೆಮರಿ ಮುಟ್ಟಿದ್ದಕ್ಕೆ ಪ್ರೋಗ್ರಾಂ ಅಲ್ಲೇ ನಿಂತುಹೋಗುತ್ತದೆ. ಎರಡು ದಿನ ತಲೆ ಕೆಡಿಸಿಕೊಂಡಿದ್ದೇನೆ.

ಬೈಟ್_ಬಸವ:
ಸರ್, ಇದು ಸಿಟೈಪ್ಸ್‌ನ ಹಳೇ ಕಾಟ. ಕಾಲ್‌ಬ್ಯಾಕ್ (ಲೈಬ್ರರಿ ವಾಪಸ್ ಕರೆಯಲಿ ಅಂತ ನೀವು ಕೊಟ್ಟ ಫಂಕ್ಷನ್) ಆಬ್ಜೆಕ್ಟನ್ನು ಒಂದು ವೇರಿಯಬಲ್‌ನಲ್ಲಿ ಹಿಡಿದಿಟ್ಟುಕೊಳ್ಳದಿದ್ದರೆ ಪೈಥಾನ್ ಅದನ್ನು ಕಸಕ್ಕೆ ಹಾಕುತ್ತದೆ, ಆಮೇಲೆ ಸಿ ಕಡೆಯವರು ಕರೆದರೆ ಅಲ್ಲಿ ಏನೂ ಇರೋದಿಲ್ಲ. ಎರಡೂ ಕಾಲ್‌ಬ್ಯಾಕ್‌ಗಳನ್ನು ಮಾಡ್ಯೂಲ್ ಮಟ್ಟದಲ್ಲಿ ಇಡಿ.

ಸೆಮಿಕೋಲನ್_ಶೆಟ್ರು:
ಬಸವಣ್ಣ, ನೀವು ಹೇಳಿದ್ದು ನಿಜ, ಆದರೆ ಇಲ್ಲಿ ಅದಲ್ಲ ಅನ್ನಿಸುತ್ತದೆ. ಎ-ಸ್ಟೈಲ್ ಆ ಕಾಲ್‌ಬ್ಯಾಕನ್ನು ನೆನಪಿಟ್ಟುಕೊಂಡು ಆಮೇಲೆ ಕರೆಯೋದಿಲ್ಲ. ಆ ಒಂದು ಕರೆ ಮುಗಿಯುವ ಒಳಗೇ ಬಳಸಿ ಬಿಡುತ್ತದೆ, ಅಷ್ಟು ಹೊತ್ತು ಸಿಟೈಪ್ಸ್ ಅದನ್ನು ಹಿಡಿದುಕೊಂಡೇ ಇರುತ್ತದೆ.

ಮೇಷ್ಟ್ರೇ, ನಿಮ್ಮ ಮೆಮರಿ ಫಂಕ್ಷನ್ ತೋರಿಸಿ. ಒಳಗೆ ಬಫರ್ (ಫಲಿತಾಂಶ ಇಡೋ ಮೆಮರಿ ಜಾಗ) ಮಾಡಿ, ಅದರ ವಿಳಾಸ ರಿಟರ್ನ್ ಮಾಡಿ, ಅಷ್ಟಕ್ಕೇ ಬಿಟ್ಟಿದ್ದೀರಾ?

ಲ್ಯಾಬ್_ಮೇಷ್ಟ್ರು:
ಹೌದು ಶೆಟ್ರೇ, ಎರಡೇ ಸಾಲು. ಕೇಳಿದಷ್ಟು ಸೈಜಿನ ಬಫರ್, ಆಮೇಲೆ ಅದರ ವಿಳಾಸ.

ಸೆಮಿಕೋಲನ್_ಶೆಟ್ರು:
ಅಲ್ಲೇ ಇರೋದು. ಬಫರ್ ಲೋಕಲ್ ವೇರಿಯಬಲ್ ಅಲ್ವಾ, ಫಂಕ್ಷನ್‌ನಿಂದ ಹೊರಗೆ ಬಂದ ತಕ್ಷಣ ಪೈಥಾನ್ ಅದನ್ನು ಬಿಡುಗಡೆ ಮಾಡುತ್ತದೆ. ವಿಳಾಸ ಮಾತ್ರ ಎ-ಸ್ಟೈಲ್ ಕೈಯಲ್ಲಿ ಉಳಿಯುತ್ತದೆ, ಅದು ಆ ಮೇಲೆ ನೀಟಾದ ಕೋಡನ್ನು ಅಲ್ಲಿಗೆ ಬರೆಯುತ್ತದೆ. ಬೀಗದ ಕೈ ಓನರ್‌ಗೆ ವಾಪಸ್ ಕೊಟ್ಟ ಮೇಲೆ ಅದೇ ಮನೆಗೆ ಸಾಮಾನು ಇಳಿಸಿದ ಹಾಗೆ. ಸಣ್ಣ ಫೈಲ್ ಆದರೆ ಆ ಜಾಗಕ್ಕೆ ಇನ್ನೂ ಯಾರೂ ಬಂದಿರೋದಿಲ್ಲ, ಸರಿಯಾಗಿದೆ ಅನ್ನಿಸುತ್ತದೆ, ಆದರೆ ಹೀಪ್ (ಪ್ರೋಗ್ರಾಂ ಓಡುವಾಗ ಕೇಳಿ ಪಡೆಯೋ ಮೆಮರಿ) ಕೆಟ್ಟಿರುತ್ತದೆ, ಆಮೇಲೆ ಎಲ್ಲೋ ಬೀಳುತ್ತದೆ. ದೊಡ್ಡ ಫೈಲ್ ತಕ್ಷಣ ಬೀಳೋದಕ್ಕೂ ಕಾರಣ ಇದೆ. ಲಿನಕ್ಸ್‌ನ ಜಿಲಿಬ್‌ಸಿ (ಮೆಮರಿ ಹಂಚೋ ಮೂಲ ಸಿ ಲೈಬ್ರರಿ) ಮೊದಲಿಗೆ 128 ಕೆಬಿಗಿಂತ ದೊಡ್ಡ ತುಂಡುಗಳನ್ನು ಕರ್ನಲ್‌ನಿಂದ, ಅಂದರೆ ಆಪರೇಟಿಂಗ್ ಸಿಸ್ಟಂನ ತಿರುಳಿನಿಂದ, ಬೇರೆಯಾಗಿ ತರುತ್ತದೆ, ಬಿಟ್ಟಾಗ ಆ ಮೆಮರಿ ಪುಟಗಳು ನೇರ ವಾಪಸ್ ಹೋಗುತ್ತವೆ. ಇಲ್ಲದ ಪುಟಕ್ಕೆ ಬರೆದರೆ ಫಾಲ್ಟೇ ಗತಿ.

ಬಫರನ್ನು ಗ್ಲೋಬಲ್ ಮಾಡಿ. ಫಲಿತಾಂಶವನ್ನು ಪೈಥಾನ್ ಸ್ಟ್ರಿಂಗ್‌ಗೆ ಕಾಪಿ ಮಾಡಿಕೊಂಡ ಮೇಲೆ ಬಿಟ್ಟರಾಯಿತು.

ಟ್ಯಾಬ್_ಅಲ್ಲ_ಸ್ಪೇಸ್:
ಮಧ್ಯೆ ಬಾಯಿ ಹಾಕ್ತಿದ್ದೇನೆ, ಬೇಜಾರು ಮಾಡ್ಕೋಬೇಡಿ. ಇಷ್ಟಕ್ಕೆ ಲೈಬ್ರರಿ ಯಾಕೆ ಬೇಕು? ಕ್ಲ್ಯಾಂಗ್-ಫಾರ್ಮ್ಯಾಟನ್ನು (ಇದೂ ಕೋಡ್ ನೀಟ್ ಮಾಡೋ ಪ್ರೋಗ್ರಾಂ) ಬೇರೆ ಪ್ರೊಸೆಸ್ ಆಗಿ ಓಡಿಸಿ, ಒಂದು ಕಡೆಯಿಂದ ಕೋಡ್ ತುಂಬಿ, ಇನ್ನೊಂದು ಕಡೆಯಿಂದ ತೆಗೆದುಕೊಳ್ಳಿ. ಅದು ಬಿದ್ದರೂ ಎಡಿಟರ್ ಬೀಳೋದಿಲ್ಲ. ಕರ್ಸರ್ ಎಲ್ಲಿತ್ತು ಅಂತ ಹೇಳಿದರೆ ನೀಟ್ ಮಾಡಿದ ಮೇಲೆ ಎಲ್ಲಿರಬೇಕು ಅಂತಲೂ ಹೇಳುತ್ತದೆ.

ಅದರ ಲೈಬ್ರರಿಗೇ ಕೈ ಹಾಕೋಕೆ ಹೋಗಬೇಡಿ. ಫಾರ್ಮ್ಯಾಟ್ ಮಾಡೋ ಕೆಲಸ ಸಿ ಪ್ಲಸ್ ಪ್ಲಸ್ ಎಪಿಐನಲ್ಲಿದೆ (ಬೇರೆ ಪ್ರೋಗ್ರಾಂಗಳು ಕರೆಯೋ ಫಂಕ್ಷನ್‌ಗಳ ಗುಂಪು), ಎಲ್‌ಎಲ್‌ವಿಎಂ (ಕ್ಲ್ಯಾಂಗ್ ಸೇರಿರೋ ಕಂಪೈಲರ್ ಯೋಜನೆ) ಹೊಸ ಆವೃತ್ತಿ ಬಂದಾಗ ಅದು ಬದಲಾಗಬಹುದು. ಸ್ಥಿರವಾಗಿ ಇಟ್ಟಿರೋ ಲಿಬ್‌ಕ್ಲ್ಯಾಂಗ್ ಸಿ ಎಪಿಐನಲ್ಲಿ ಫಾರ್ಮ್ಯಾಟಿಂಗ್ ಇಲ್ಲವೇ ಇಲ್ಲ. ನಾನು ಅದನ್ನು ಹುಡುಕಿ ಒಂದು ಭಾನುವಾರ ಹಾಳು ಮಾಡಿಕೊಂಡಿದ್ದೆ.

ಸೆಮಿಕೋಲನ್_ಶೆಟ್ರು:
ಒಪ್ಪಿದೆ, ಆದರೆ ಒಂದು ಮಾತು. ಕ್ಲ್ಯಾಂಗ್-ಫಾರ್ಮ್ಯಾಟ್ ಏನೂ ಹೇಳದಿದ್ದರೆ ಎಲ್‌ಎಲ್‌ವಿಎಂ ಶೈಲಿ ಹಿಡಿಯುತ್ತದೆ. 80 ಕಾಲಂಗೆ ಸಾಲು ಮುರಿಯುತ್ತದೆ, ಒಟ್ಟಿಗಿರೋ ಇನ್‌ಕ್ಲೂಡ್ ಸಾಲುಗಳನ್ನು ಅಕ್ಷರ ಕ್ರಮಕ್ಕೆ ಜೋಡಿಸುತ್ತದೆ. ವಿಂಡೋಸ್‌ನಲ್ಲಿ ವಿನ್‌ಸಾಕ್2 (ನೆಟ್‌ವರ್ಕ್ ಕೆಲಸದ್ದು) ಹೆಡರ್ ಮೊದಲು ಬರಬೇಕು, ಇದು ಅದನ್ನು ವಿಂಡೋಸ್ ಹೆಡರ್ ಕೆಳಗೆ ಹಾಕುತ್ತದೆ, ಕಂಪೈಲೇ ಆಗೋದಿಲ್ಲ. ಆ ಆಯ್ಕೆ ಆಫ್ ಮಾಡಬಹುದು, ಆದರೆ ಮೊದಲು ಗೊತ್ತಿರಬೇಕಲ್ಲ. ಎ-ಸ್ಟೈಲ್ ನಾವು ಕೇಳದೆ ಸಾಲು ಮುರಿಯೋದಿಲ್ಲ. ಹೊಸಬರ ಕೋಡ್‌ಗೆ ನನಗೆ ಅದೇ ಇಷ್ಟ, ಹುಡುಗ ಬರೆದದ್ದು ಅವನಿಗೇ ಗುರುತು ಸಿಗುತ್ತದೆ.

ಲ್ಯಾಬ್_ಮೇಷ್ಟ್ರು:
ಶೆಟ್ರೇ, ಒಂದೇ ಸಾಲು ಬದಲಾಯಿಸಿದ್ದು! 200 ಕೆಬಿ ಫೈಲನ್ನು ಇಪ್ಪತ್ತು ಸಲ ಒತ್ತಿದೆ, ಜಪ್ಪಯ್ಯ ಅಂದರೂ ಬೀಳಲಿಲ್ಲ. ಕನ್ನಡ ಕಾಮೆಂಟ್‌ಗಳೂ ಹಾಗೇ ಉಳಿದವು, ಯುಟಿಎಫ್-8ಗೆ ಬದಲಾಯಿಸಿ ಕೊಡ್ತಿದ್ದೇನೆ.

ಈಗ ಹೊಸ ತಲೆನೋವು. ನನ್ನ ಕಂಪ್ಯೂಟರ್‌ನಲ್ಲಿ ಸರಿ, ಲ್ಯಾಬಿನ ಡೆಬಿಯನ್ (ಲಿನಕ್ಸ್‌ನ ಒಂದು ಬಗೆ) ಯಂತ್ರಗಳಲ್ಲಿ ಆ ಡಾಟ್ ಎಸ್ಓ ಸಿಗುತ್ತಿಲ್ಲ ಅನ್ನುತ್ತದೆ. ಲೈಬ್ರರಿ ಪ್ಯಾಕೇಜ್ ಹಾಕಿದ್ದೇನೆ.

ಬೈಟ್_ಬಸವ:
ಈ ಸಲ ನಾನು ಸರಿ ಇರ್ತೀನಿ ನೋಡಿ ಸರ್ 😄 ಡೆಬಿಯನ್‌ನಲ್ಲಿ ಓಡಿಸೋಕೆ ಬೇಕಾದ ಪ್ಯಾಕೇಜ್ ಬೇರೆ, ಆ ಲೈಬ್ರರಿ ಬಳಸಿ ಪ್ರೋಗ್ರಾಂ ಕಟ್ಟೋರಿಗೆ ಬೇಕಾದ ಡೆವ್ ಪ್ಯಾಕೇಜ್ ಬೇರೆ. ಮೊದಲನೆಯದರಲ್ಲಿ ಕೊನೆಗೆ ಆವೃತ್ತಿ ಸಂಖ್ಯೆ ಇರೋ ಫೈಲ್ ಮಾತ್ರ ಬರುತ್ತದೆ. ಸಂಖ್ಯೆ ಇಲ್ಲದ ಹೆಸರು ಒಂದು ಲಿಂಕ್ ಅಷ್ಟೇ, ಅದು ಡೆವ್‌ನಲ್ಲಿದೆ. ನಿಮ್ಮ ಯಂತ್ರದಲ್ಲಿ ಯಾವತ್ತೋ ಡೆವ್ ಹಾಕಿದ್ದೀರಿ. ಕೋಡ್‌ನಲ್ಲಿ ಸಂಖ್ಯೆ ಸಮೇತ ಹೆಸರು ಕೊಡಿ, ಲ್ಯಾಬಿನ ಯಂತ್ರಗಳಿಗೆಲ್ಲ ಡೆವ್ ಹಾಕಿಕೊಂಡು ಕೂರಬೇಡಿ.

ಲ್ಯಾಬ್_ಮೇಷ್ಟ್ರು:
ಸಂಖ್ಯೆ ಹಾಕಿದೆ, ಓಡಿತು. ಬಸವ ಅವರೇ, ಲೆಕ್ಕ ಸಮ ಆಯ್ತು.