‘ಒಪ್ಪಿಗೆ’ಯನ್ನು ಹಿಂತೆಗೆದುಕೊಳ್ಳುವುದಕ್ಕೆ ಪದ ಯಾವುದು?

ಬಳಗದವರಿಗೆ ಮೈಸೂರಿನಿಂದ ನಮಸ್ಕಾರ.

ಎಚ್.ಡಿ. ಕೋಟೆ ತಾಲ್ಲೂಕಿನ ಒಂದು ಹಾಡಿಯಲ್ಲಿ (ಆದಿವಾಸಿಗಳ ಪುಟ್ಟ ಊರಿನಲ್ಲಿ) ಸಾಕ್ಷ್ಯಚಿತ್ರ ತೆಗೆಯಲಿರುವ ತಂಡಕ್ಕೆ ಒಪ್ಪಿಗೆ ಪತ್ರವನ್ನು ಕನ್ನಡದಲ್ಲಿ ಬರೆದುಕೊಡುವ ಕೆಲಸ ನನ್ನ ಪಾಲಿಗೆ ಬಂದಿದೆ. ಕ್ಯಾಮೆರಾದ ಮುಂದೆ ನಿಲ್ಲುವವರು ಜೇನು ಕುರುಬರು. ಒಮ್ಮೆ ಒಪ್ಪಿದವರು ಆಮೇಲೆ ಬೇಡವೆನ್ನಬಹುದು ಎಂಬ ಒಂದೇ ಸಾಲಿನಲ್ಲಿ ವಾರದಿಂದ ಸಿಕ್ಕಿಕೊಂಡಿದ್ದೇನೆ.

ಮೊದಲು ‘ಅನುಮತಿ’ ಎಂದು ಬರೆದಿದ್ದೆ. ಓದಿ ಹೇಳಿದಾಗ ಹಾಡಿಯ ಯಜಮಾನರು, “ಅನುಮತಿ ಕೊಡುವವರು ಅರಣ್ಯ ಇಲಾಖೆಯವರಲ್ಲವೇ, ನಮ್ಮನ್ನೇಕೆ ಕೇಳುತ್ತೀರಿ?” ಎಂದರು. ನಾಗರಹೊಳೆಯ ಅಂಚಿನಲ್ಲಿ ಸೌದೆಗೆ, ಜೇನಿಗೆ, ಕಾಡೊಳಗಿನ ದೇವರ ತಾಣಕ್ಕೆ ಅನುಮತಿ ಕೇಳಿ ಕೇಳಿ ಬದುಕಿದವರಿಗೆ ಆ ಪದ ಯಾವಾಗಲೂ ಮೇಲಿನಿಂದ ಬರುವಂಥದ್ದು. 2006ರ ಅರಣ್ಯ ಹಕ್ಕು ಕಾಯ್ದೆ ಗ್ರಾಮಸಭೆಗೆ ಅಧಿಕಾರ ಕೊಟ್ಟಿದ್ದರೂ ಪದ ಇನ್ನೂ ಇಲಾಖೆಯ ಕೈಯಲ್ಲೇ ಇದೆ. ‘ಸಮ್ಮತಿ’ ಕಡತದ ಪದ. ಹಾಗಾಗಿ ‘ಒಪ್ಪಿಗೆ’ಯನ್ನೇ ಇಟ್ಟೆ. ಶಾಸನಗಳಲ್ಲಿ ‘ಒಪ್ಪ’ವೆಂದರೆ ಸಹಿ, ಹೆಬ್ಬೆಟ್ಟು ಒತ್ತುವ ಕಾಗದಕ್ಕೆ ಚೆನ್ನಾಗಿ ಹೊಂದುತ್ತದೆ.

ತೊಡಕಿರುವುದು ಹಿಂತೆಗೆದುಕೊಳ್ಳುವಲ್ಲಿ. ಕೆಲವು ವರ್ಷಗಳ ಹಿಂದೆ ಬೇರೊಂದು ಚಿತ್ರತಂಡಕ್ಕೆ ದುಭಾಷಿಯಾಗಿ ಹೋಗಿದ್ದೆ. ಒಬ್ಬ ಯುವಕನ ಅಂಗಿ ಬಿಚ್ಚಿಸಿ, ಸೊಂಟಕ್ಕೆ ಸೊಪ್ಪು ಕಟ್ಟಿಸಿ ನಿಲ್ಲಿಸಿದರು. ಜೇಬಿನಲ್ಲಿದ್ದ ಮೊಬೈಲನ್ನು ಅವನು ಅಕ್ಕನ ಕೈಗೆ ಕೊಟ್ಟು ಬಂದಿದ್ದ. ಸಂಜೆ ಕ್ಯಾಮೆರಾದ ಪುಟ್ಟ ಪರದೆಯಲ್ಲಿ ತನ್ನನ್ನು ನೋಡಿಕೊಂಡು, “ನಮ್ಮ ತಾತನೂ ಹೀಗೆ ಸೊಪ್ಪು ಉಟ್ಟವನಲ್ಲ, ಇದು ಬೇಡ” ಎಂದ. “ಬೆಳಿಗ್ಗೆ ಒಪ್ಪಿದ್ದೆಯಲ್ಲ, ಈಗ ಮಾತಿಗೆ ತಪ್ಪುತ್ತೀಯಾ?” ಎಂದರು ತಂಡದವರು. ಅವನು ತಲೆ ತಗ್ಗಿಸಿದ. ನಾನೂ ಬಾಯಿ ಬಿಡಲಿಲ್ಲ. ಚಿತ್ರದಲ್ಲಿ ಆ ದೃಶ್ಯ ಉಳಿಯಿತು.

ಅವನ ಬಾಯಿ ಕಟ್ಟಿದ್ದು ‘ಮಾತಿಗೆ ತಪ್ಪು’ ಎಂಬ ನುಡಿ. ಹುಲಿಗೆ ಕೊಟ್ಟ ಮಾತಿಗಾಗಿ ಮರಳಿ ಹೋದ ಹಸುವಿನ ಕಥೆ ಕೇಳಿ ಬೆಳೆದವರು ನಾವು. ಒಪ್ಪಿ ಆಮೇಲೆ ಬೇಡವೆನ್ನುವವರಿಗೆ ನಮ್ಮಲ್ಲಿರುವ ಮಾತುಗಳೆಲ್ಲ ಬೈಗುಳಕ್ಕೆ ಹತ್ತಿರ: ಕೈಕೊಟ್ಟ, ನಾಲಿಗೆ ಹೊರಳಿಸಿದ, ಎರಡು ನಾಲಿಗೆಯವನು. ‘ಹಿಂಪಡೆ’ ಎಂದರೆ ಚುನಾವಣೆಯ ನಾಮಪತ್ರ ನೆನಪಾಗುತ್ತದೆ. ‘ರದ್ದುಪಡಿಸು’ ಎಂದರೆ ಪರವಾನಗಿ.

ಮರ್ಯಾದೆಗೆ ಕುಂದು ಬಾರದಂತೆ ಒಪ್ಪಿಗೆಯನ್ನು ಹಿಂತೆಗೆದುಕೊಳ್ಳುವ ಮಾತು ನಿಮ್ಮ ಕಡೆ ಇದೆಯೇ? ದನದ ಜಾತ್ರೆಯಲ್ಲಿ ಮುಂಗಡ ಹಿಂದಿರುಗಿಸುವಾಗ, ಮಂಡ್ಯದ ಕಡೆ ವೀಳ್ಯಶಾಸ್ತ್ರವಾದ ಮೇಲೆ ಜಗಳವಿಲ್ಲದೆ ಸಂಬಂಧ ಬಿಡುವಾಗ ಹಿರಿಯರು ಏನನ್ನುತ್ತಾರೆ? ಜೇನು ಕುರುಬರ ನುಡಿಯನ್ನು ಬಲ್ಲವರು ಅಲ್ಲಿನ ಪದವನ್ನು ತಿಳಿಸಿದರೆ ಅದನ್ನೇ ಪತ್ರದಲ್ಲಿ ಮೊದಲು ಬರೆಯುತ್ತೇನೆ.

ಸದ್ಯಕ್ಕೆ ಬರೆದಿರುವುದು ಇಷ್ಟು: “ಚಿತ್ರ ಸಿದ್ಧವಾದ ಮೇಲೆ ಹಾಡಿಯಲ್ಲೇ ತೋರಿಸುತ್ತೇವೆ. ನೋಡಿ ಬೇಡವೆನಿಸಿದರೆ ಬೇಡ ಎನ್ನಿ, ನಿಮ್ಮ ದೃಶ್ಯ ತೆಗೆದುಹಾಕುತ್ತೇವೆ. ಅದು ಮಾತಿಗೆ ತಪ್ಪಿದಂತಲ್ಲ.” ಕೊನೆಯ ವಾಕ್ಯ ಅನಗತ್ಯ ಎಂದು ತಂಡದ ವಕೀಲರು ಹೇಳುತ್ತಿದ್ದಾರೆ. ನಾನು ಅದನ್ನು ಬಿಡಲಾರೆ. ಅದರ ಕೆಲಸವನ್ನು ಒಂದೇ ಪದ ಮಾಡುವುದಾದರೆ ಮಾತ್ರ ಬದಲಿಸುತ್ತೇನೆ. ಬರುವ ಸೋಮವಾರ ಪತ್ರ ಹಿಡಿದು ಹಾಡಿಗೆ ಹೋಗಬೇಕಿದೆ.