ಆಂಟೆಲೋಪ್ ಕ್ಯಾನ್ಯನ್: 200 ಮೀಟರ್ ಸಂದಿಗೆ ಆರುನೂರು ಡಾಲರ್ ಕೊಡಬೇಕಾ?

ಡಲ್ಲಾಸ್ ಪ್ರಸಾದ
ಎಲ್ಲರಿಗೂ ನಮಸ್ಕಾರ. ಜುಲೈ ಎರಡನೇ ವಾರ ಲಾಸ್ ವೇಗಸ್‌ಗೆ ಹಾರಿ, ಅಲ್ಲಿಂದ ಬಾಡಿಗೆ ಕಾರಿನಲ್ಲಿ ಅರಿಝೋನಾದ ಪೇಜ್ ಊರಿಗೆ ಹೋಗುವ ಪ್ಲಾನ್ ಇದೆ. ಅಲ್ಲಿನ ಆಂಟೆಲೋಪ್ ಕ್ಯಾನ್ಯನ್, ಅಂದರೆ ಬಂಡೆಯನ್ನು ನೀರು ಕೊರೆದು ಆದ ಕಿರಿದಾದ ಕಮರಿ, ನೋಡಲೇಬೇಕು ಅಂತ ಮಗಳ ಹಠ. ಊರಿಂದ ಅಪ್ಪ ಅಮ್ಮ ಬಂದಿದ್ದಾರೆ, ಒಟ್ಟು ಆರು ಜನ. ಅಪ್ಪರ್ ಕ್ಯಾನ್ಯನ್‌ಗೆ ಮಧ್ಯಾಹ್ನದ ಹೊತ್ತಿಗೆ ತಲೆಗೆ ನೂರು ಡಾಲರ್ ದಾಟುತ್ತದೆ. ಒಳಗೆ ನಡೆಯುವ ದಾರಿ ಇರುವುದು ಸುಮಾರು 200 ಮೀಟರ್! ಗೈಡ್ ಇಲ್ಲದೆ ಬಿಡುವುದೇ ಇಲ್ಲವಂತೆ. "ಸ್ಮಾಲ್ ಗ್ರೂಪ್ ಟೂರ್" ಅಂತ ದೊಡ್ಡದಾಗಿ ಹಾಕಿದ್ದಾರೆ. ಹೋಗಿ ಬಂದವರು ಹೇಳಿ, ಕೊಟ್ಟ ದುಡ್ಡಿಗೆ ಮೋಸ ಇಲ್ವಾ?

ಕ್ಯಾಮೆರಾ ಕಿಟ್ಟಿ
ಎರಡು ಸಲ ಹೋಗಿದ್ದೇನೆ. ಮೊದಲು ಒಂದು ವಿಷಯ ತಿಳ್ಕೊಳ್ಳಿ. ಅಪ್ಪರ್, ಲೋವರ್ ಅಂತ ಎರಡಿವೆ, ಎರಡಕ್ಕೂ ಬೇರೆ ಬೇರೆ ಟಿಕೆಟ್. ಅಪ್ಪರ್‌ಗೆ ನೆಲಮಟ್ಟದಿಂದಲೇ ಒಳಗೆ ನಡೆದು ಹೋಗಬಹುದು. ಕೆಳಗೆ ಅಗಲ, ಮೇಲೆ ಕಿರಿದು. ಅದಕ್ಕೇ ಸೂರ್ಯ ನೆತ್ತಿಗೆ ಬಂದಾಗ ಮೇಲಿನ ಸಂದಿಯಿಂದ ಬೆಳಕು ಕೋಲಿನ ಹಾಗೆ ಕೆಳಗೆ ಇಳಿಯುತ್ತದೆ. ಮಾರ್ಚ್ ಕೊನೆಯಿಂದ ಅಕ್ಟೋಬರ್ ಶುರುವರೆಗೆ ಮಾತ್ರ, ಅದೂ ಮಧ್ಯಾಹ್ನದ ಆಸುಪಾಸು. ನೀವು ಕೊಡುವ ಜಾಸ್ತಿ ದುಡ್ಡು ಆ ಕೋಲಿಗೆ. ಲೋವರ್‌ನಲ್ಲಿ ಉಲ್ಟಾ, ಮೇಲೆ ಅಗಲ, ಕೆಳಗೆ ಕಾಲಿಡಲು ಜಾಗ ಹುಡುಕಬೇಕು. ಕಬ್ಬಿಣದ ಮೆಟ್ಟಿಲು ಇಳಿಯಬೇಕು. ಉದ್ದ ಹೆಚ್ಚುಕಡಿಮೆ ಎರಡರಷ್ಟು, ರೇಟು ಕಡಿಮೆ.

ಇನ್ನು ಸ್ಮಾಲ್ ಗ್ರೂಪ್ ವಿಷಯ. ನಿಮ್ಮ ಗುಂಪು ಸಣ್ಣದೇ ಇರುತ್ತದೆ, ಹತ್ತೋ ಹನ್ನೆರಡೋ ಜನ. ಆದರೆ ಮುಂದೊಂದು ಗುಂಪು, ಹಿಂದೊಂದು ಗುಂಪು. ದೇವಸ್ಥಾನದಲ್ಲಿ ವಿಶೇಷ ದರ್ಶನದ ಚೀಟಿ ತಗೊಂಡ ಹಾಗೆ. ಚೀಟಿ ವಿಶೇಷ, ಸಾಲು ಸಾಲೇ. ನಮ್ಮ ಗೈಡ್ ಒಂದು ಹಿಡಿ ಮರಳು ತೂರಿದ, ಬೆಳಕು ಹೊಗೆ ಕಟ್ಟಿದ ಹಾಗೆ ನಿಂತಿತು. ನಾನು ಫೋಕಸ್ ಹಿಡಿಯುವಷ್ಟರಲ್ಲಿ "ಮುಂದೆ ನಡೀರಿ" ಅಂದ. ಟ್ರೈಪಾಡ್ ಇಲ್ಲ, ಸೆಲ್ಫಿ ಕೋಲಿಲ್ಲ, ಬ್ಯಾಗೂ ಇಲ್ಲ. ಫೋಟೊಗ್ರಾಫರ್‌ಗಳಿಗೆ ಅಂತಲೇ ಇದ್ದ ಟೂರನ್ನು 2019ರ ಕೊನೆಗೆ ನಿಲ್ಲಿಸಿಬಿಟ್ಟರು. ನನಗಂತೂ ಎರಡನೇ ಸಲ ಬೇಜಾರೇ ಆಯಿತು.

ಸುಮ್ನೆ ಸುತ್ತೋಣ
ಪ್ರಸಾದ್ ಅಣ್ಣಾ, ಆಂಟೆಲೋಪ್ ಬಿಟ್ಟುಬಿಡಿ. ಪೇಜ್‌ನಿಂದ ಯೂಟಾದ ಕನಾಬ್ ಊರಿನ ಕಡೆಗೆ ಹೋಗುವ 89ನೇ ಹೆದ್ದಾರಿಯಲ್ಲಿ ಎಡಕ್ಕೆ ಒಂದು ಮಣ್ಣು ರಸ್ತೆ ಸಿಗುತ್ತದೆ. ಎಂಟು ಮೈಲಿ ಒಳಗೆ ಹೋದರೆ ವೈರ್ ಪಾಸ್. ಅದೂ ಇಂಥದೇ ಕಿರಿದಾದ ಕಲ್ಲಿನ ಸಂದಿ, ಸ್ಲಾಟ್ ಕ್ಯಾನ್ಯನ್ನೇ. ಒಂದೂಮುಕ್ಕಾಲು ಮೈಲಿ ನಡೆದರೆ ಬಕ್‌ಸ್ಕಿನ್ ಗಲ್ಚ್ ಅನ್ನುವ ಇನ್ನೊಂದು ಉದ್ದನೆಯ ಕಮರಿಗೆ ಸೇರುತ್ತದೆ. ನಾನು ಹೋದಾಗ ತಲೆಗೆ ಆರು ಡಾಲರ್. ಗೈಡ್ ಇಲ್ಲ, ಗಡಿಬಿಡಿ ಇಲ್ಲ, ಒಂದು ಗಂಟೆ ಹೊತ್ತು ಒಬ್ಬ ನರಪಿಳ್ಳೆ ಸಿಗಲಿಲ್ಲ. ಕಲ್ಲಿಗೆ ಬೆನ್ನು ಕೊಟ್ಟು ಕೂತು ಚಪಾತಿ ರೋಲ್ ತಿಂದೆವು. ಕಲ್ಲು ಅದೇ, ಬಣ್ಣ ಅದೇ. ಗೈಡ್ ಕಡ್ಡಾಯ ಅನ್ನುವುದೆಲ್ಲ ದುಡ್ಡು ಮಾಡುವ ದಾರಿ ಅಷ್ಟೇ.

ಫೀನಿಕ್ಸ್ ರಾಯರು
"ಅಷ್ಟೇ" ಅಂತ ಹೇಳಿಬಿಡುವುದು ಸುಲಭ. ನಾನು ಈ ರಾಜ್ಯದಲ್ಲಿ ಇಪ್ಪತ್ತು ವರ್ಷದಿಂದ ಇದ್ದೇನೆ. ಪ್ರಸಾದ್ ಅವರು ಹೋಗುತ್ತಿರುವುದು ಜುಲೈನಲ್ಲಿ. ಇಲ್ಲಿಯವರೂ ಅದನ್ನು ಮಾನ್ಸೂನ್ ಅಂತಲೇ ಕರೆಯುತ್ತಾರೆ, ಜುಲೈನಿಂದ ಸೆಪ್ಟೆಂಬರ್. ನಮ್ಮ ಊರಿನ ಮಳೆ ಥರ ದಿನವಿಡೀ ಸುರಿಯುವುದಿಲ್ಲ. ಮಧ್ಯಾಹ್ನ ಎಲ್ಲೋ ಒಂದು ಕಡೆ ಮೋಡ ಒಡೆದು ಅರ್ಧ ಗಂಟೆ ಬಡಿದು ಹೋಗುತ್ತದೆ.

1997ರ ಆಗಸ್ಟ್ 12ರಂದು ಲೋವರ್ ಆಂಟೆಲೋಪ್‌ನಲ್ಲಿ 11 ಪ್ರವಾಸಿಗಳು ಸತ್ತರು. ಕ್ಯಾನ್ಯನ್ ಇರುವ ಜಾಗದಲ್ಲಿ ಹೇಳಿಕೊಳ್ಳುವಂಥ ಮಳೆಯೇ ಇರಲಿಲ್ಲ. ಸುರಿದದ್ದು ಮೈಲಿಗಟ್ಟಲೆ ದೂರ, ಹಳ್ಳದ ಮೇಲ್ಭಾಗದಲ್ಲಿ. ಅಲ್ಲೆಲ್ಲ ಬರೀ ಬಂಡೆ, ಇಂಗುವುದಕ್ಕೆ ಮಣ್ಣಿಲ್ಲ. ಬಿದ್ದ ನೀರೆಲ್ಲ ಹಳ್ಳಕ್ಕೆ ಹರಿಯಿತು. ಹಳ್ಳ ಕೊನೆಗೆ ನುಗ್ಗುವುದು ಎಲ್ಲಿಗೆ? ಕೈ ಚಾಚಿದರೆ ಎರಡೂ ಗೋಡೆ ಸಿಗುವ ಆ ಸಂದಿಗೆ. ಒಳಗಿದ್ದವರಿಗೆ ಕಾಣುವ ಆಕಾಶ ಒಂದು ದಾರದಷ್ಟು. ಮೇಲೆ ಮೋಡ ಬಂದಿದೆಯಾ ಅಂತ ನೋಡುವುದಾದರೂ ಹೇಗೆ?

ಸುಮ್ನೆ ಸುತ್ತೋಣ
ರಾಯರೇ, ಗೌರವ ಇಟ್ಟುಕೊಂಡೇ ಕೇಳುತ್ತೇನೆ. ಆವತ್ತು ಒಳಗೆ ಟೂರ್ ಗೈಡ್ ಕೂಡ ಇದ್ದ ಅಲ್ವಾ? ನೀರಿಗೆ ಸಿಕ್ಕಿ ಬದುಕಿದ್ದು ಅವನೊಬ್ಬನೇ ಅಂತ ಓದಿದ್ದೇನೆ. ಗೈಡ್ ಜೊತೆಗಿದ್ದರೂ ಜನ ಉಳಿಯಲಿಲ್ಲ. ಮತ್ತೆ ಗೈಡ್‌ಗೆ ಅಂತ ನೂರು ಡಾಲರ್ ಯಾಕೆ?

ಫೀನಿಕ್ಸ್ ರಾಯರು
ಸರಿಯಾದ ಪ್ರಶ್ನೆ. ಹೌದು, ಗೈಡ್ ಇದ್ದ. ಗೈಡ್ ಅಂದರೆ ತಾಯತ ಅಲ್ಲ. ಆಗ ಅಲ್ಲಿ ಇದ್ದದ್ದು ಮರದ ಏಣಿಗಳು, ಅವೂ ನೀರಲ್ಲಿ ಕೊಚ್ಚಿಕೊಂಡು ಹೋದವು. ಆಮೇಲೆ ಬಂಡೆಗೆ ಬೋಲ್ಟ್ ಹಾಕಿ ಕೂರಿಸಿದ ಕಬ್ಬಿಣದ ಮೆಟ್ಟಿಲು ಬಂತು. ಮೇಲಿಂದ ಕೆಳಗೆ ಬಿಡುವ ಹಗ್ಗದ ಬಲೆ ಬಂತು. ಟಿಕೆಟ್ ಕೊಡುವ ಕಡೆ ಹವಾಮಾನದ ರೇಡಿಯೊ, ಸೈರನ್. ಅಂದರೆ ಒಳಗಿರುವ ಗೈಡ್ ತಂತಿಯ ಒಂದು ತುದಿ. ಇನ್ನೊಂದು ತುದಿಯಲ್ಲಿ ಮೋಡ ನೋಡುತ್ತಾ ಒಬ್ಬ ಕೂತಿರಬೇಕು. ನೀವು ಕೊಡುವ ದುಡ್ಡು ಎರಡು ತುದಿಗೂ ಸೇರಿ. ಅನುಮಾನ ಬಂದರೆ ಆ ದಿನದ ಟೂರೇ ರದ್ದು.

ನಿಮ್ಮ ವೈರ್ ಪಾಸ್‌ನಲ್ಲಿ ಆ ಇನ್ನೊಂದು ತುದಿ ಯಾರು? 2015ರ ಸೆಪ್ಟೆಂಬರ್‌ನಲ್ಲಿ ಯೂಟಾದ ಝಯಾನ್ ನ್ಯಾಷನಲ್ ಪಾರ್ಕಿನ ಕೀಹೋಲ್ ಕ್ಯಾನ್ಯನ್‌ಗೆ ಪರ್ಮಿಟ್ ತಗೊಂಡೇ ಏಳು ಜನ ಇಳಿದರು. ಪ್ರವಾಹ ಬರಬಹುದು ಅಂತ ಮೊದಲೇ ಎಚ್ಚರಿಕೆ ಇತ್ತು. ಏಳೂ ಜನ ನೀರುಪಾಲಾದರು. ಅಲ್ಲಿ ಕಾಗದ ಕೊಡುತ್ತಾರೆ, "ಬೇಡ" ಅನ್ನುವವರು ಯಾರೂ ಇರುವುದಿಲ್ಲ.

ಸುಮ್ನೆ ಸುತ್ತೋಣ
ಜುಲೈಗೆ ವೈರ್ ಪಾಸ್ ಹೇಳಿದ್ದು ತಪ್ಪಾಯಿತು, ಒಪ್ಪಿದೆ. ನಾನು ಹೋದದ್ದು ಅಕ್ಟೋಬರ್‌ನಲ್ಲಿ. ಮಳೆ ಬಂದರೆ ಆ ಮಣ್ಣು ರಸ್ತೆಯೂ ಅಂಟುಂಡೆಯ ಪಾಕ ಆಗುತ್ತದೆ, ಬಾಡಿಗೆ ಕಾರು ಅಲ್ಲೇ ಕೂರುತ್ತದೆ. ಆದರೆ ಒಣ ಕಾಲದಲ್ಲಿ ನನ್ನ ಮಾತು ಮಾತೇ. ಆಕಾಶ ನೋಡಿಕೊಂಡು ಹೋಗಲು ನನಗೂ ಬುದ್ಧಿ ಇದೆ.

ಶಿರಸಿ ಶಾಲಿನಿ
ನೀವೆಲ್ಲ ಸಾವು, ದುಡ್ಡು ಅಂತ ಮಾತಾಡುತ್ತಿದ್ದೀರಿ. ಒಳಗೆ ಏನಿದೆ ಅಂತ ಯಾರೂ ಹೇಳಲೇ ಇಲ್ಲವಲ್ಲ!

ನಾವು ಹೋದ ವರ್ಷ ಲೋವರ್‌ಗೆ ಹೋಗಿದ್ದೆವು. ನಮ್ಮ ಗೈಡ್ ಒಬ್ಬಳು ಹುಡುಗಿ, ಕಾಲೇಜಿಗೆ ಹೋಗುವ ವಯಸ್ಸು. ಒಳಗೆ ಇಳಿಯುವ ಮೊದಲು ಮಂಡಿಯೂರಿ ಕೂತಳು. ಮರಳನ್ನು ಗುಡ್ಡೆ ಮಾಡಿ, ತನ್ನ ಬಾಟಲಿಯ ನೀರು ಸುರಿದು, ಅಂಗೈಯಲ್ಲಿ ತಟ್ಟಿದಳು. ಆಮೇಲೆ ಒಂದೇ ಬೆರಳಿನಲ್ಲಿ ಅಡಿಯ ಒಣ ಮರಳನ್ನು ಕೆದಕುತ್ತಾ ಹೋದಳು. ಅದು ಉದುರಿತು, ಒದ್ದೆಯಾದದ್ದು ಕಮಾನಿನ ಹಾಗೆ ನಿಂತುಬಿಟ್ಟಿತು. ಸುಮಾರು 19 ಕೋಟಿ ವರ್ಷದ ಹಿಂದಿನ ಮರಳ ದಿಬ್ಬಗಳು ಕಲ್ಲಾದದ್ದು, ಅದನ್ನು ಹಳ್ಳದ ನೀರು ಕೊರೆದದ್ದು, ಎಲ್ಲ ಅಷ್ಟರಲ್ಲೇ ಅರ್ಥವಾಯಿತು. ನನ್ನ ಮಗ ಬೋರ್ಡುಗಳನ್ನು ಓದುವವನೇ ಅಲ್ಲ. ಮನೆಗೆ ಬಂದ ಮೇಲೆ ಪಾರ್ಕಿನ ಮರಳಿನಲ್ಲಿ ಅದನ್ನೇ ಮಾಡುತ್ತಿದ್ದ.

ಒಳಗಿನ ಕಲ್ಲು ಹೇಗಿದೆ ಗೊತ್ತಾ? ಒದ್ದೆ ಸೀರೆಯನ್ನು ಇಬ್ಬರು ಎರಡು ತುದಿ ಹಿಡಿದು ಹಿಂಡಿದ ಹಾಗೆ. ಮೇಲೆ ಕಿತ್ತಳೆ, ಕೆಳಗೆ ಬರುತ್ತಾ ಕುಂಕುಮ, ನೆರಳಲ್ಲಿ ನೇರಳೆ. ನಾವು ಮೇಲೆ ನೋಡಿಕೊಂಡು ಬಾಯಿ ಬಿಟ್ಟು ನಿಂತಿದ್ದೆವು. ಅವಳು ಟಾರ್ಚ್ ಬಿಟ್ಟು ಒಂದು ಜಾಗ ತೋರಿಸಿದಳು. ನಮ್ಮ ತಲೆಯಿಂದ ಎಷ್ಟೋ ಮೇಲೆ, ಎರಡು ಗೋಡೆಯ ನಡುವೆ ಒಂದು ಮರದ ದಿಮ್ಮಿ ಅಡ್ಡ ಸಿಕ್ಕಿಕೊಂಡಿತ್ತು. "ಅದನ್ನು ಅಲ್ಲಿ ಇಟ್ಟದ್ದು ನೀರು" ಅಂದಳು. ಬೇರೆ ಏನೂ ಹೇಳಲಿಲ್ಲ. ನಮ್ಮೆಜಮಾನ್ರು ಅಲ್ಲಿಂದ ಸ್ವಲ್ಪ ಜೋರಾಗೇ ನಡೆದರು. ಕಿಟ್ಟಿ ಅವರೇ, ಅವಳು ನಮಗೂ "ಮುಂದೆ ನಡೀರಿ" ಅಂದಳು. ಆ ದಿಮ್ಮಿ ನೋಡಿದ ಮೇಲೆ ಬೇಜಾರಾಗಲಿಲ್ಲ.

ಕ್ಯಾಮೆರಾ ಕಿಟ್ಟಿ
ಶಾಲಿನಿ ಅವರೇ, ನಿಮಗೆ ಒಳ್ಳೆಯ ಗೈಡ್ ಸಿಕ್ಕಿದ್ದಾಳೆ. ನಮ್ಮವನು ಕರಡಿ ಇಲ್ಲಿದೆ, ಹೃದಯ ಇಲ್ಲಿದೆ ಅಂತ ಕಲ್ಲು ತೋರಿಸಿ, ಎಲ್ಲರ ಫೋನ್ ಕಿತ್ತುಕೊಂಡು ಒಂದೇ ಥರ ಫೋಟೊ ತೆಗೆದು ಕೊಟ್ಟ. ಬಣ್ಣ ಕೆಂಪಾಗಲಿ ಅಂತ ಸೆಟ್ಟಿಂಗ್ ಅವನೇ ಬದಲಿಸಿದ. ಕೊನೆಗೆ ಟಿಪ್ಸ್ ಬಗ್ಗೆ ಒಂದು ಭಾಷಣ. ಕಂಪನಿ ಹೆಸರು ಬೇಡ. ಇದನ್ನೂ ಹೇಳದೆ ಇದ್ದರೆ ಪ್ರಸಾದ್ ಅವರಿಗೆ ಪೂರ್ತಿ ಚಿತ್ರ ಸಿಗುವುದಿಲ್ಲ.

ಧಾರವಾಡ ಪೇಡ
ಟಿಪ್ಸ್ ಅಂದ ಕೂಡಲೇ ನಮ್ಮವರ ಮುಖ ಸಪ್ಪಗಾಗುತ್ತದೆ ನೋಡ್ರಿ! ಆ ನೆಲ ಯಾರದು ಅಂತ ಒಬ್ಬರೂ ಕೇಳಲಿಲ್ಲ. ಅದು ಅಲ್ಲಿಯ ಮೂಲನಿವಾಸಿಗಳಾದ ನವಾಹೊ ಜನರದು. ಕ್ಯಾನ್ಯನ್ನು ಅಮೆರಿಕ ಸರ್ಕಾರದ ನ್ಯಾಷನಲ್ ಪಾರ್ಕ್ ಅಲ್ಲ, ನವಾಹೊ ಬುಡಕಟ್ಟಿನ ಪಾರ್ಕ್. ಅವರ ಭಾಷೆಯಲ್ಲಿ ಅಪ್ಪರ್‌ನ ಹೆಸರಿಗೆ "ಬಂಡೆಗಳ ನಡುವೆ ನೀರು ಹರಿಯುವ ಜಾಗ" ಅಂತ ಅರ್ಥ. ಆಂಟೆಲೋಪ್ ಅಂತ ಜಿಂಕೆ ಹೆಸರು ನಾವು ಹೇಳುವುದು, ಅವರು ನೀರಿನ ಹೆಸರನ್ನೇ ಇಟ್ಟಿದ್ದಾರೆ. ಹೆಸರಲ್ಲೇ ಎಚ್ಚರಿಕೆ ಇದ್ದ ಹಾಗೆ ಆಯಿತಲ್ಲ.

ಪೇಜ್ ಊರು ಹುಟ್ಟಿದ್ದೇ 1957ರಲ್ಲಿ, ಗ್ಲೆನ್ ಕ್ಯಾನ್ಯನ್ ಅಣೆಕಟ್ಟಿನ ಕೆಲಸಗಾರರಿಗೆ ಅಂತ. ಆ ಜಾಗವೂ ನವಾಹೊಗಳದೇ ಇತ್ತು. ಯೂಟಾದಲ್ಲಿ ಬೇರೆ ನೆಲ ಕೊಟ್ಟು ಇದನ್ನು ತಗೊಂಡರು. ಆಮೇಲೆ ಕ್ಯಾನ್ಯನ್ ಪಕ್ಕದಲ್ಲೇ ಕಲ್ಲಿದ್ದಲಿನ ದೊಡ್ಡ ವಿದ್ಯುತ್ ಸ್ಥಾವರ ಬಂತು, ನವಾಹೊ ಜನರೇ ಅಲ್ಲಿ ಹೆಚ್ಚು ಕೆಲಸಕ್ಕಿದ್ದರು. 2019ರ ನವೆಂಬರ್‌ನಲ್ಲಿ ಅದು ಮುಚ್ಚಿತು. ಮರುವರ್ಷದ ಡಿಸೆಂಬರ್‌ನಲ್ಲಿ ಮೂರು ಚಿಮಣಿಗಳನ್ನೂ ಸ್ಫೋಟಿಸಿ ಉರುಳಿಸಿದರು. ನಡುವೆ ಕೋವಿಡ್ ಬಂದು ಕ್ಯಾನ್ಯನ್ ಒಂದು ವರ್ಷಕ್ಕೂ ಜಾಸ್ತಿ ಬಾಗಿಲು ಹಾಕಿತ್ತು. ಹಾಗಾದರೆ ಆ ಶಾಲಿನಿ ಅವರ ಗೈಡ್ ಹುಡುಗಿ ಟಿಪ್ಸ್ ಕೇಳಿದರೆ ತಪ್ಪೇನ್ರಿ? ನಮ್ಮ ಹೊಲದಲ್ಲಿ ಹಾದುಹೋಗುವವನಿಗೆ "ಯಾರಪ್ಪಾ ನೀನು" ಅಂತ ನಾವು ಕೇಳುವುದಿಲ್ಲವಾ?

ಕ್ಯಾಮೆರಾ ಕಿಟ್ಟಿ
ಕೇಳುವುದು ತಪ್ಪಲ್ಲ ಪೇಡ ಅವರೇ. ನೆಲ ಅವರದು, ರೇಟು ಅವರದು, ಒಪ್ಪಿದೆ. ನನ್ನ ತಕರಾರು ಕಾಸಿನದಲ್ಲ, ಗಡಿಬಿಡಿಯದು. ಅದೇ ಕಾಸಿಗೆ ದಿನಕ್ಕೆ ಅರ್ಧದಷ್ಟು ಗುಂಪು ಬಿಡಲಿ, ಇನ್ನೂ ಜಾಸ್ತಿ ಕೊಡುತ್ತೇನೆ. ಅದೇ ಹಳ್ಳದಲ್ಲಿ ಮೇಲೆ "ಕ್ಯಾನ್ಯನ್ ಎಕ್ಸ್" ಅಂತ ಒಂದಿದೆ. ಅಲ್ಲಿ ಜನ ಕಡಿಮೆ. ಬೆಳಕಿನ ಕೋಲಿಗಿಂತ ನೆಮ್ಮದಿ ಬೇಕು ಅನ್ನುವವರು ಅಲ್ಲಿಗೆ ಹೋಗಲಿ.

ಫೀನಿಕ್ಸ್ ರಾಯರು
ಈ ಮಾತಿಗೆ ನಾನೂ ಸಹಿ ಹಾಕುತ್ತೇನೆ.

ಇನ್ನೊಂದು. ಪ್ರಸಾದ್ ಅವರೇ, ಗಡಿಯಾರ ನೋಡಿಕೊಳ್ಳಿ. ಅರಿಝೋನಾ ಬೇಸಿಗೆಯಲ್ಲಿ ಗಡಿಯಾರ ಮುಂದಕ್ಕೆ ತಿರುಗಿಸುವುದಿಲ್ಲ, ನವಾಹೊ ನೇಷನ್ (ನವಾಹೊಗಳ ಸ್ವಂತ ಆಡಳಿತದ ಪ್ರದೇಶ) ತಿರುಗಿಸುತ್ತದೆ, ಪಕ್ಕದ ಯೂಟಾ ಕೂಡ ತಿರುಗಿಸುತ್ತದೆ. ಕ್ಯಾನ್ಯನ್ ನವಾಹೊ ನೆಲದಲ್ಲಿದ್ದರೂ ಟೂರು ನಡೆಯುವುದು ಪೇಜ್ ಊರಿನ ಟೈಮಿಗೆ. ನಿಮ್ಮ ಫೋನ್ ಯಾವ ಟವರ್ ಹಿಡಿಯುತ್ತದೋ ಆ ಟೈಮ್ ತೋರಿಸುತ್ತದೆ.

ಸುಮ್ನೆ ಸುತ್ತೋಣ
ಹಾಗಾದರೆ ವೇಗಸ್‌ನಿಂದ ಹೋಗುವವರಿಗೆ ಒಂದು ಗಂಟೆ ಹೋಗುತ್ತದೆ ಅಂತ ಲೆಕ್ಕ ಅಲ್ವಾ?

ಫೀನಿಕ್ಸ್ ರಾಯರು
ಜುಲೈನಲ್ಲಿ ಇಲ್ಲ, ವೇಗಸ್ಸೂ ಪೇಜೂ ಆಗ ಒಂದೇ ಟೈಮ್. ಚಳಿಗಾಲದಲ್ಲಿ ಹೋಗುತ್ತದೆ. ನಮ್ಮ ಭಾವ ಒಂದು ಡಿಸೆಂಬರ್‌ನಲ್ಲಿ ಹಾಗೇ ಗಂಟೆ ತಪ್ಪಿಸಿಕೊಂಡು, ನಾಲ್ಕೂವರೆ ಗಂಟೆ ಕಾರು ಓಡಿಸಿ, ಖಾಲಿ ಕೌಂಟರ್ ನೋಡಿ ಬಂದರು. ಟಿಕೆಟ್ ದುಡ್ಡು ವಾಪಸ್ ಬರಲಿಲ್ಲ. ಇವತ್ತಿಗೂ ಅಕ್ಕ ಆ ವಿಷಯ ತೆಗೆಯುತ್ತಾಳೆ.

ಡಲ್ಲಾಸ್ ಪ್ರಸಾದ
ಎಲ್ಲರಿಗೂ ಥ್ಯಾಂಕ್ಸ್. ರಾತ್ರಿ ಮನೆಯವರಿಗೆಲ್ಲ ಓದಿ ಹೇಳಿದೆ. ದಿಮ್ಮಿಯ ವಿಷಯ ಕೇಳಿ ಅಮ್ಮ "ನಾನು ಕಾರಲ್ಲೇ ಕೂರ್ತೀನಿ" ಅಂದರು. ಅಪ್ಪ "ಆ ದಿಮ್ಮಿ ನೋಡಲೇಬೇಕು" ಅಂತ ಕೂತಿದ್ದಾರೆ. ಅಪ್ಪನಿಗೆ 68, ಮಂಡಿ ನೋವಿದೆ. ಬೆಳಗ್ಗೆ ಬೇಗ ಲೋವರ್, ಇಲ್ಲ ಮಧ್ಯಾಹ್ನ ಅಪ್ಪರ್, ಯಾವುದು?

ಶಿರಸಿ ಶಾಲಿನಿ
ಮಂಡಿ ನೋವಿದ್ದರೆ ಲೋವರ್ ಬೇಡ. ಮೆಟ್ಟಿಲು ಕಡಿದು, ಕೆಲವು ಏಣಿಯ ಹಾಗೇ ಇವೆ. ಕೊನೆಗೆ ನೆಲದ ಒಂದು ಬಿರುಕಿನಿಂದ ಇಲಿ ಬಿಲದಿಂದ ಬಂದ ಹಾಗೆ ಹೊರಗೆ ಬರಬೇಕು.

ಕ್ಯಾಮೆರಾ ಕಿಟ್ಟಿ
ಅಪ್ಪರ್‌ನಲ್ಲೂ ಮೆಟ್ಟಿಲು ಇಲ್ಲವೇ ಇಲ್ಲ ಅಂತ ಅಂದುಕೊಳ್ಳಬೇಡಿ. ಈಗ ಒಂದು ಕಡೆ ಹೊಕ್ಕು ಇನ್ನೊಂದು ಕಡೆ ಹೊರಬಂದು, ಹೊರಗೆ ಕಟ್ಟಿರುವ ದಾರಿಯಲ್ಲಿ ಹತ್ತಿ ಇಳಿದು ವಾಪಸ್ ಬರಬೇಕು. ಆದರೂ ಲೋವರ್‌ಗಿಂತ ವಾಸಿ. ಅಪ್ಪರ್‌ಗೆ ಟೂರಿನವರೇ ಗಾಡಿಯಲ್ಲಿ ಕರೆದುಕೊಂಡು ಹೋಗುತ್ತಾರೆ, ಮರಳು ಹಳ್ಳದಲ್ಲಿ ಅದು ಕುಲುಕುತ್ತದೆ, ಅಪ್ಪನನ್ನು ಡ್ರೈವರ್ ಪಕ್ಕ ಕೂರಿಸಿ ಅಂತ ಮೊದಲೇ ಕೇಳಿಕೊಳ್ಳಿ. ಬೆಳಕಿನ ಕೋಲು ಬಂದಾಗ ಫೋನ್ ಕೆಳಗಿಡಿ, ಒಂದು ನಿಮಿಷ ಸುಮ್ನೆ ನೋಡಿ. ನಾನು ಎರಡು ಸಲ ಹೋಗಿಯೂ ಅದನ್ನು ಮಾಡಲಿಲ್ಲ.

ಡಲ್ಲಾಸ್ ಪ್ರಸಾದ
ಸರಿ, ಅಪ್ಪರ್ ಬುಕ್ ಮಾಡಿದೆ. ಆರೂ ಟಿಕೆಟ್. ಅಮ್ಮನನ್ನು ಮಗಳು ಒಪ್ಪಿಸಿದಳು. ಈಗ ಅಮ್ಮನ ಪ್ರಶ್ನೆ ಬಂದಿದೆ, ಸೀರೆಯಲ್ಲಿ ಹೋಗಬಹುದಾ ಅಂತ. ಮತ್ತೆ ಚಕ್ಕುಲಿ ಡಬ್ಬಿ ಒಳಗೆ ಬಿಡುತ್ತಾರಾ?

ಶಿರಸಿ ಶಾಲಿನಿ
ಚೂಡಿದಾರ್ ಹಾಕಿಸಿ, ಕಾಲಿಗೆ ಶೂ. ಚಕ್ಕುಲಿ ಕಾರಲ್ಲೇ ಇರಲಿ, ನೀರಿನ ಬಾಟಲಿ ಮಾತ್ರ ಕೈಯಲ್ಲಿ. ಮೂಗಿಗೊಂದು ಕರ್ಚೀಫು ಕೊಡಿ, ಗಾಳಿ ಬೀಸಿದರೆ ಮೇಲಿಂದ ಮರಳು ಜರಡಿ ಹಿಡಿದ ಹಾಗೆ ಉದುರುತ್ತದೆ.