700 ಆಟಗಳ ಧಣಿ

“ಈಗ ಇದ್ರಲ್ಲಿ 700 ಉಂಟು,” ಅಂದ ಶಂಕ್ರ, ಬೂದು ಬಣ್ಣದ ಪೆಟ್ಟಿಗೆಯನ್ನು ಅಂಗೈ ಮೇಲಿಟ್ಟುಕೊಂಡು. “ಬರುವಾಗ ಇದ್ದದ್ದು 30.”

“ಆ 30ರಲ್ಲಿ ಎಷ್ಟು ಆಡಿದ್ದಿ?” ಕಿಟ್ಟಣ್ಣ ಕೇಳಿದ.

“ಅದು ಬೇರೆ ವಿಷಯ.”

“ಎಂತ ಬೇರೆ? ವಿಷಯವೇ ಅದು ಮಾರಾಯ.”

ತುಲಾ ತಿಂಗಳ ಮಳೆ. ಮಧ್ಯಾಹ್ನ ಮೂರಕ್ಕೇ ಬದಿಯಡ್ಕದ ಕಡೆಯಿಂದ ಕಪ್ಪಾಗಿ ಬಂದಿತ್ತು. ಅಂಗಳದಲ್ಲಿ ಹರವಿದ್ದ ಅಡಿಕೆಯನ್ನು ಎಲ್ಲರೂ ಕೈ ಹಾಕಿ ರಾಶಿ ಮಾಡಿ, ಟರ್ಪಾಲು ಮುಚ್ಚಿ, ಮೂಲೆಗೆ ಕಲ್ಲಿಟ್ಟು ಆಗಿತ್ತು. ಇನ್ನು ಮಳೆ ಬಿಡುವವರೆಗೆ ಶಂಕ್ರನ ಜಗಲಿ, ಹಲಸಿನ ಹಪ್ಪಳ, ಬಾಯಿ.

“ಇದು ತೆಗೀಲಿಕ್ಕೆ ಬರುದಿಲ್ವಾ?” ಮಾಷ್ಟ್ರು ಪೆಟ್ಟಿಗೆಯ ಮುಂದಿನ ಮುಚ್ಚಳಕ್ಕೆ ಉಗುರು ಹಾಕಿ ನೋಡಿದರು.

“ಇಲ್ಲ ಮಾಷ್ಟ್ರೇ, ಅದು ಚಂದಕ್ಕೆ. ಜಪಾನಿನ ನಿಂಟೆಂಡೋ ಕಂಪೆನಿಯ ಹಳೇ ಟಿವಿ ಗೇಮಿನ ಹಾಗೇ ಕಾಣ್ಬೇಕು ಅಂತ. ಕ್ಯಾಸೆಟ್ ಹಾಕ್ಲಿಕ್ಕೆ ಇಲ್ಲ. ಆಟ ಎಲ್ಲ ಒಳಗೇ ಉಂಟು.”

“ಕ್ಯಾಸೆಟ್ ಇಲ್ಲದಿದ್ರೆ ಊದುದು ಎಲ್ಲಿಗೆ?” ಅಂದ ಕಿಟ್ಟಣ್ಣ. “ನಾವು ಆಡಿದ್ದಕ್ಕಿಂತ ಊದಿದ್ದೇ ಜಾಸ್ತಿ.”

ಅದ್ದು ಬಿದ್ದು ಬಿದ್ದು ನಕ್ಕ. ಅವನ ಬಾಪ್ಪ ಶಾರ್ಜಾದಿಂದ ಟಿವಿ ಗೇಮ್ ತಂದ ಮೇಲೆ ಈ ಊರಿನ ಅರ್ಧ ಮಕ್ಕಳು ಅವನ ಮನೆಯಲ್ಲೇ ಬೆಳೆದದ್ದು. “ಊದ್ಲೇಬಾರ್ದು ಅಂತ ನಿಂಟೆಂಡೋದವ್ರೇ ಹೇಳಿದ್ದಾರೆ, ಗೊತ್ತುಂಟಾ? ಉಸಿರಿನ ತೇವ ತಾಗಿ ಆ ತಾಮ್ರದ ಪಟ್ಟಿ ಹಾಳಾಗ್ತದಂತೆ. ಊದಿದ್ದಕ್ಕೆ ಸರಿಯಾದದ್ದಲ್ಲ, ತೆಗೆದು ಮತ್ತೆ ಹಾಕಿದ್ದಕ್ಕೆ ಸರಿಯಾದದ್ದು.”

“ನಮ್ಮಲ್ಲಿ ಜೂನಿನಿಂದ ಗಾಳಿಯಲ್ಲೇ ಅರ್ಧ ನೀರು. ಅದರ ಮೇಲೆ ಎಂಟು ಹುಡುಗರ ಎಂಜಲು. ಆದ್ರೂ ನಡೀತಿತ್ತಲ್ಲ! ಈಗ ಎಸಿ ರೂಮಿನಲ್ಲಿಟ್ಟ ಕಂಪ್ಯೂಟರಿಗೂ ಆ ತಾಕತ್ತಿಲ್ಲ,” ಅಂದ ಕಿಟ್ಟಣ್ಣ.

ಶಂಕ್ರನಿಗೆ ಈ ಮಾತೆಲ್ಲ ಬೇಡ. ಅವನ ಭಾವ ಅಮೆರಿಕದಿಂದ ಬರುವಾಗ ತಂದುಕೊಟ್ಟ ಮರಿ ಯಂತ್ರ ಅದು. ದೊಡ್ಡದು ಜಪಾನಿನಲ್ಲಿ 1983ರಲ್ಲಿ ಹುಟ್ಟಿದ್ದು, ಈ ಮರಿ ಹುಟ್ಟಿದ್ದು 2016ರಲ್ಲಿ. ಅವನಿಗೆ ಹೇಳಬೇಕಾಗಿದ್ದದ್ದು ತಾನು ಅದನ್ನು ಹೇಗೆ ಬಿಚ್ಚದೆಯೇ ಬಿಚ್ಚಿದೆ ಎಂಬ ಕಥೆ.

“ಮೊದಲು ಯಾಕೆ ಅಂತ ಕೇಳಿ,” ಅಂದ.

ಯಾರೂ ಕೇಳಲಿಲ್ಲ.

“ಕಾಂಟ್ರಾ ಇಲ್ಲ ಇದ್ರಲ್ಲಿ!”

ಅದ್ದು ಕೈಯ ಹಪ್ಪಳ ಕೆಳಗಿಟ್ಟ. “ಕಾಂಟ್ರಾ ಇಲ್ವಾ?”

“ಅದರ ಎರಡನೇ ಭಾಗ ಉಂಟು, ಸೂಪರ್ ಸಿ. ಮೊದಲನೇದಿಲ್ಲ. ಡಕ್ ಹಂಟೂ ಇಲ್ಲ.”

“ಡಕ್ ಹಂಟ್ ಇದ್ದೂ ಸುಖವಿಲ್ಲ,” ಅಂದ ಕಿಟ್ಟಣ್ಣ. “ಆ ಆಟಕ್ಕೆ ಕೈಯಲ್ಲಿ ಹಿಡಿಯುವ ಬಂದೂಕಿನಿಂದ ಎಂತದ್ದೂ ಹೊರಗೆ ಬರುದಿಲ್ಲ. ಕುದುರೆ ಎಳೆದ ಕೂಡ್ಲೆ ಟಿವಿ ಒಮ್ಮೆ ಕಪ್ಪಾಗಿ, ಬಾತುಕೋಳಿ ಇದ್ದಲ್ಲಿ ಬಿಳಿ ಚೌಕ ಬರ್ತದೆ. ಬಂದೂಕಿಗೆ ಬಿಳಿ ಕಂಡ್ರೆ ಕೋಳಿ ಬಿತ್ತು. ಅದೆಲ್ಲ ಹಳೇ ಡಬ್ಬ ಟಿವಿಯ ವೇಗಕ್ಕೆ ಅಳತೆ ಮಾಡಿದ್ದು. ಈಗಿನ ಚಪ್ಪಟೆ ಟಿವಿ ಚಿತ್ರ ತೋರಿಸುವಷ್ಟರಲ್ಲಿ ಬಂದೂಕಿನ ಲೆಕ್ಕ ಮುಗಿದಿರ್ತದೆ. ಮೂಗು ತಾಗಿಸಿ ಹೊಡೆದ್ರೂ ಕೋಳಿಗೆ ಆಯುಷ್ಯ.”

“ಹಾಗಾಗಿ ಕಾಂಟ್ರಾ ಹಾಕುವ ಅಂತ ಹೊರಟೆ,” ಶಂಕ್ರ ಹಗ್ಗ ಬಿಡಲಿಲ್ಲ. “ಹ್ಯಾಕ್ಚಿ ಅಂತ ಒಂದು ಪ್ರೋಗ್ರಾಂ. ರಷ್ಯಾದವನೊಬ್ಬ ಬರೆದದ್ದು. ಯಂತ್ರ ಅಂಗಡಿಗೆ ಬಂದು ಎರಡು ತಿಂಗಳಾಗಿತ್ತೋ ಇಲ್ವೋ, 2017ರ ಜನವರಿಯಲ್ಲೇ ಬಿಟ್ಟಾಗಿತ್ತು. ರೀಸೆಟ್ ಒತ್ತಿ ಹಿಡ್ಕೊಂಡು ಪವರ್ ಹಾಕುದು. ಆಗ ಟಿವಿಯಲ್ಲಿ ಎಂತದ್ದೂ ಬರುದಿಲ್ಲ. ಕಂಪ್ಯೂಟರಿಗೆ ಮಾತ್ರ ಅದು ಸಿಕ್ಕುದು. ಸಿಕ್ಕಿದ ಕೂಡ್ಲೆ ಅದರ ಕರ್ನೆಲನ್ನು, ಅಂದ್ರೆ ಯಂತ್ರ ನಡೆಸುವ ಮೂಲ ಪ್ರೋಗ್ರಾಮನ್ನು, ಮೊದಲು ಕಾಪಿ ತೆಗೆದಿಟ್ಟು, ನಮ್ಮದನ್ನು ಹಾಕುದು. ಮತ್ತೆ ಎಷ್ಟು ಆಟ ಬೇಕಾದ್ರೂ ಎಳ್ಕೊಳ್ಳಿ.”

“ಸುಲಭ ಉಂಟಲ್ಲ.”

“ಎಲ್ಲಿಯ ಸುಲಭ! ಕಂಪ್ಯೂಟರಿಗೆ ಸಿಗುದೇ ಇಲ್ಲ. ಒತ್ತಿ ಹಿಡಿದು ಹಿಡಿದು ಹೆಬ್ಬೆರಳು ಬಾತದ್ದು. ಕಡೆಗೆ ನೋಡಿದ್ರೆ ಕೇಬಲ್! ಮನೆಯಲ್ಲಿದ್ದದ್ದು ಅಷ್ಟೂ ಬರೀ ಚಾರ್ಜಿನ ಕೇಬಲ್. ಒಳಗೆ ಕರೆಂಟಿನ ತಂತಿ ಮಾತ್ರ, ಡಾಟಾದ ತಂತಿಯೇ ಇಲ್ಲ.”

“ನನ್ನ ಅಂಗಡಿಯಲ್ಲಿ ತೆಗೆದದ್ದಾ?” ಅದ್ದು ಬೇರೆ ಕಡೆ ನೋಡಿಕೊಂಡು ಕೇಳಿದ.

“ಮತ್ತೆಲ್ಲಿಂದ!”

“ಚಾರ್ಜ್ ಆಗ್ತದಾ ಅಂತ ಕೇಳಿದ್ದಿ, ಆಗ್ತದೆ ಅಂತ ಕೊಟ್ಟದ್ದು.”

“ಮೊನ್ನೆ ಅದಕ್ಕೆ ಕರ್ನೆಲ್ ಹಾಕುವಾಗಲೇ ಸಿಡಿಲು,” ಎಂದು ಒಳಗಿನಿಂದ ಚಾ ತಂದ ಸಾವಿತ್ರಿಯಕ್ಕ ಹೇಳಿದಳು. “ಫ್ರಿಜ್ಜು, ಮಿಕ್ಸಿ, ಪಂಪು, ಎಲ್ಲದರ ಪ್ಲಗ್ಗು ನಾನು ಎಳೆದೆ. ಇದನ್ನು ಎಳೀಲಿಕ್ಕೆ ಇವರು ಬಿಡ್ಲಿಲ್ಲ. ಮನೆ ಹೋದ್ರೂ ಅಡ್ಡಿಲ್ಲ, ಇದು ಹೋಗ್ಬಾರ್ದು.”

“ಅದು ಹೋಗುದಿಲ್ಲ,” ಶಂಕ್ರ ವಿವರಿಸಿದ. “ರಿಪೇರಿಯ ಆ ದಾರಿಯನ್ನು ಚಿಪ್ಪಿನೊಳಗೇ ಬರೆದಿಟ್ಟಿದ್ದಾರೆ, ಅದು ಅಳಿಸುದಿಲ್ಲ. ಅರ್ಧದಲ್ಲಿ ಕರೆಂಟ್ ಹೋದ್ರೂ ಮತ್ತೆ ರೀಸೆಟ್ ಹಿಡಿದು ಸುರುವಿನಿಂದ ಮಾಡ್ಲಿಕ್ಕಾಗ್ತದೆ.”

“ಹಾಗಾದ್ರೆ ಪ್ಲಗ್ ಎಳೆಯಬಹುದಿತ್ತು,” ಅಂದಳು ಸಾವಿತ್ರಿಯಕ್ಕ. ಅದಕ್ಕೆ ಶಂಕ್ರನಲ್ಲಿ ಉತ್ತರ ಇರಲಿಲ್ಲ.

ಮಾಷ್ಟ್ರಿಗೆ ಬೇರೆ ಚಿಂತೆ. “ಅಲ್ಲ, ಈ 700 ಆಟಕ್ಕೆ ದುಡ್ಡು ಯಾರಿಗೆ ಕೊಟ್ಟದ್ದು?”

“ಯಾರಿಗೂ ಇಲ್ಲ.”

“ಹಾಗಾದ್ರೆ ಅದು ಕಳ್ಳತನ ಅಲ್ವೋ?”

“ಪೆಟ್ಟಿಗೆ ನನ್ನದೇ ಅಲ್ವಾ ಮಾಷ್ಟ್ರೇ.”

“ಚೀಲ ನಿನ್ನದು ಅಂತ ಅದಕ್ಕೆ ತುಂಬಿಸಿದ ಅಡಿಕೆಯೂ ನಿನ್ನದಾಗ್ತದಾ?” ಅಂದ ಕಿಟ್ಟಣ್ಣ. “ಆಟದ ಫೈಲು ಹಂಚಿದ ಒಂದು ವೆಬ್‌ಸೈಟಿನವ್ರ ಮೇಲೆ 2018ರಲ್ಲಿ ನಿಂಟೆಂಡೋ ಕೇಸು ಹಾಕಿ, 1.2 ಕೋಟಿ ಡಾಲರಿಗೆ ಒಪ್ಪಿಸಿದ್ದಾರೆ. ಡಾಲರ್! ನಿನ್ನ ತೋಟ, ನನ್ನ ತೋಟ, ಮಾಷ್ಟ್ರ ಪೆನ್ಶನ್ ಎಲ್ಲ ಸೇರಿಸಿದ್ರೂ ಅವರ ವಕೀಲರ ಚಾಕ್ಕೆ ಸಾಕಾಗ್ಲಿಕ್ಕಿಲ್ಲ.”

“ಆಗ ನಾವು ಕೊಟ್ಟದ್ದು ಯಾರಿಗೆ?” ಅದ್ದು ಗೆಳೆಯನ ಪರ ನಿಂತ. “ಕ್ಯಾಸೆಟ್ ಮೇಲೆ 9999999 ಆಟ ಅಂತ ಬರೆದಿರ್ತಿತ್ತು. ಅದು ನಿಂಟೆಂಡೋದ್ದಾ?”

“ಅದ್ರಲ್ಲಿ ಇದ್ದದ್ದು ಬೆರಳಲ್ಲಿ ಎಣಿಸುವಷ್ಟು ಆಟ. ಉಳಿದದ್ದೆಲ್ಲ ಅದೇ ಆಟ, ಒಮ್ಮೆ ಎರಡನೇ ಹಂತದಿಂದ ಸುರು, ಒಮ್ಮೆ ಮೂರನೇದರಿಂದ. ಅವ್ರು ಕಳ್ಳರೇ, ಸಂಶಯ ಬೇಡ. ಆದ್ರೆ ಕೋಟಿ ಅಂತ ಸುಳ್ಳು ಹೇಳಿ ಐದಾರು ಆಟವನ್ನಾದ್ರೂ ಆಡಿಸಿದ್ರು. ನಮ್ಮ ಶಂಕ್ರ ಪ್ರಾಮಾಣಿಕ. 700 ಅಂತಾನೆ, 700 ಉಂಟು, ಒಂದನ್ನೂ ಆಡುದಿಲ್ಲ.”

“ಯಾರು ಹೇಳಿದ್ದು ಆಡುದಿಲ್ಲ ಅಂತ?”

“ನಾನು,” ಅಂದಳು ಸಾವಿತ್ರಿಯಕ್ಕ. “ರಾತ್ರಿ ಒಂದು ಗಂಟೆಗೆ ಎಚ್ಚರ ಆಗ್ತದೆ, ಚಾವಡಿಯಲ್ಲಿ ಟಿಕ್ ಟಿಕ್ ಟಿಕ್. ಆಡ್ತಾರೆ ಪಾಪ, ಆಡ್ಲಿ ಅಂತ ಗ್ರಹಿಸಿದೆ. ಬಂದು ನೋಡಿದ್ರೆ ಪಟ್ಟಿ ಓಡಿಸುದು! ಈಚೆಯಿಂದ ಆಚೆ, ಆಚೆಯಿಂದ ಈಚೆ.”

“ಚಿತ್ರ ಸರಿ ಬಂದಿದೆಯಾ ಅಂತ ನೋಡುದು ಅದು,” ಶಂಕ್ರ ಕೆಂಪಾದ. “ಒಂದೊಂದು ಆಟಕ್ಕೂ ಡಬ್ಬಿಯ ಮೇಲಿನ ಚಿತ್ರ ಹುಡುಕಿ ಹಾಕ್ಬೇಕು. ಒಂದೇ ಕಡೆ ತುಂಬಾ ಹಾಕಿದ್ರೆ ಮೆನು ತಡವರಿಸ್ತದೆ, ಫೋಲ್ಡರ್ ಮಾಡ್ಬೇಕು. ಅದೊಂದು ಮುಗೀಲಿ, ಮತ್ತೆ ಆಡುದೇ.”

“ಗಡಿ ತಕರಾರಿನ ಮಹಾಜನ ವರದಿ ಬಂದದ್ದು 1967ರಲ್ಲಿ,” ಅಂದ ಕಿಟ್ಟಣ್ಣ. “ಚಂದ್ರಗಿರಿ ಹೊಳೆಯ ಬಡಗು ಭಾಗ ಕರ್ನಾಟಕಕ್ಕೆ ಅಂತ ಬರೆದೂ ಆಗಿತ್ತು. ಅದು ಜಾರಿಯಾಗುದೂ ನಿನ್ನ ಫೋಲ್ಡರ್ ಮುಗಿಯುದೂ ಒಂದೇ ದಿನ ಇರ್ಬೇಕು.”

ಆ ಹೆಸರು ಎತ್ತಬಾರದಿತ್ತು. ಮಾಷ್ಟ್ರು ಪಂಚೆ ಸರಿಮಾಡಿಕೊಂಡು ಕೂತರು. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿದ್ದರಿಂದ ಹಿಡಿದು, ಬಸ್ಸಿನ ಬೋರ್ಡಿನಲ್ಲಿ ಕನ್ನಡ ಇಲ್ಲದ್ದು, ಕನ್ನಡ ಶಾಲೆಗೆ ಕನ್ನಡ ಬಾರದ ಅಧ್ಯಾಪಕರನ್ನು ಹಾಕಿದ್ದು, ಎಲ್ಲವೂ ಬಂತು. ಎಲ್ಲವೂ ಸರಿಯೇ, ಆದರೆ ಈ ಜಗಲಿಯ ಕಂಬಗಳಿಗೂ ಬಾಯಿಪಾಠ ಆಗಿರುವ ಭಾಷಣ. ಚಾ ತಣಿದು, ಇನ್ನೊಂದು ಸುತ್ತು ಬಿಸಿ ಚಾ ಬರುವವರೆಗೆ ಶಂಕ್ರ ಬಚಾವ್.

ಮಾಷ್ಟ್ರು ಉಸಿರು ತೆಗೆದುಕೊಂಡದ್ದೇ ತಡ, ಅದ್ದು ಕೇಳಿದ: “ಅಲ್ಲ ಶಂಕ್ರ, ಇಷ್ಟು ಆಟ ಈ ಸಣ್ಣದ್ರಲ್ಲಿ ಹೇಗೆ ಹಿಡೀತದೆ?”

“ಒಳಗೆ ಇರುದೇ 512 ಎಂಬಿ. ಅದ್ರಲ್ಲೂ ಸ್ವಲ್ಪ ಅದಕ್ಕೇ ಬೇಕು. ಆದ್ರೆ ಆಟಗಳು ಎಷ್ಟಿರ್ತವೆ! ಸೂಪರ್ ಮಾರಿಯೋ ಪೂರ್ತಿ 40 ಕೆಬಿ.”

“ಮಾಷ್ಟ್ರು ಬೆಳಿಗ್ಗೆ ಗುಂಪಿಗೆ ಕಳಿಸುವ ಗುಲಾಬಿ ಹೂವು ಅದಕ್ಕಿಂತ ದೊಡ್ಡದು,” ಅಂದ ಕಿಟ್ಟಣ್ಣ. “40 ಕೆಬಿಯಲ್ಲಿ ಎಂಟು ಲೋಕ, 32 ಹಂತ, ಹಾಡು ಬೇರೆ. ಮಾರಿಯೋದಲ್ಲಿ ಮೇಲೆ ಮೋಡ, ಕೆಳಗೆ ಪೊದೆ ಉಂಟಲ್ಲ, ಎರಡೂ ಒಂದೇ ಚಿತ್ರ. ಬಿಳಿ ಬಳಿದ್ರೆ ಮೋಡ, ಹಸಿರು ಬಳಿದ್ರೆ ಪೊದೆ. ಅವರಿಗೆ ಜಾಗ ಇರ್ಲಿಲ್ಲ, ಹಾಗಾಗಿ ಆಟ ಮಾಡಿದ್ರು. ನಿನಗೆ ಜಾಗ ಉಂಟು, ಹಾಗಾಗಿ ಪಟ್ಟಿ ಮಾಡ್ತಿ.”

ಶಂಕ್ರ ಮಾತಾಡಲಿಲ್ಲ. ಪೆಟ್ಟಿಗೆಯ ಪಕ್ಕದಲ್ಲಿ ಇನ್ನೊಂದು ಕಂಟ್ರೋಲರ್ ಇತ್ತು, ಕವರು ಹರಿಯದ್ದು. ಯಂತ್ರದೊಟ್ಟಿಗೆ ಬರುವುದು ಒಂದೇ. ಇದನ್ನು ಬೇರೆ ದುಡ್ಡು ಕೊಟ್ಟು ತರಿಸಿದ್ದ. ಕಿಟ್ಟಣ್ಣ ಅದನ್ನೆತ್ತಿ ಆಚೆ ಈಚೆ ನೋಡಿದ.

“ಇದು ಯಾರಿಗೆ?”

“ಇರ್ಲಿ ಅಂತ. ಕಾಂಟ್ರಾಕ್ಕೆ ಇಬ್ಬರು ಬೇಕಲ್ಲ.”

“ಆಗ ನಿನ್ನ ಜೊತೆ ಯಾವಾಗ್ಲೂ ಗೋಪಿ,” ಅಂದ ಅದ್ದು. “ನಮಗೆಲ್ಲ ಸರದಿ ಸಿಕ್ಕುದೇ ಇಲ್ಲ.”

“ಆ ಜಲಪಾತದ ಹಂತದಲ್ಲಿ ಗೋಪಿ ನಿನ್ನನ್ನು ಎಷ್ಟು ಸಲ ಕೊಂದಿದ್ದಾನೆ!” ಕಿಟ್ಟಣ್ಣನಿಗೂ ನೆನಪಾಯಿತು. “ಮೇಲೆ ಹಾರುವವ ಹಾರ್ತಾ ಹೋದ್ರೆ ಪರದೆಯೂ ಅವನೊಟ್ಟಿಗೇ ಮೇಲೆ ಹೋಗ್ತದೆ. ಹಿಂದೆ ಬಿದ್ದವ ಕೆಳಗೇ ಸಾಯ್ಬೇಕು. ‘ನಿಲ್ಲು ನಿಲ್ಲು’ ಅಂತ ನೀನು ಬೊಬ್ಬೆ. ಅವ ನಿಂತವನೇ ಅಲ್ಲ.”

“ಅದು ಹೌದು,” ಶಂಕ್ರ ಹೇಳಿದ. “ಆದ್ರೆ ನನ್ನ ಜೀವ ಎಲ್ಲ ಮುಗಿದ ಮೇಲೆ ಎ ಒತ್ತಿದ್ರೆ ಅವನ ಲೆಕ್ಕದಿಂದ ಒಂದು ಜೀವ ನನಗೆ ಬರ್ತಿತ್ತು. ನಾನು ಒತ್ತಿದ್ದೇ ಒತ್ತಿದ್ದು. ಒಂದು ದಿನ ಬೈಲಿಲ್ಲ ಅವ.”

ಗೋಪಿ ಈಗ ಬೆಂಗಳೂರಿನಲ್ಲಿ. ಮನೆ ಬೀಗ ಹಾಕಿದೆ, ತೋಟ ಕೊಟ್ಟಾಗಿದೆ. ಫೋನು ಮಾಡಿದರೆ ಎತ್ತುತ್ತಾನೆ, ‘ಬರ್ತೇನೆ ಮಾರಾಯ, ಈ ಸಲ ಖಂಡಿತ’ ಅನ್ನುತ್ತಾನೆ. ಅವನ ಮಗನಿಗೆ ಈ ಊರಿನಲ್ಲಿ ನೆಟ್ ಸಿಗುವುದಿಲ್ಲವಂತೆ.

ಕಿಟ್ಟಣ್ಣ ಕವರಿಗೆ ಹಲ್ಲು ಹಾಕಿ ಸರ್ರನೆ ಹರಿದ. “ಏ! ಏ!” ಎಂದು ಶಂಕ್ರ ಕೂಗುವಷ್ಟರಲ್ಲಿ ಆಗಿಹೋಗಿತ್ತು. “ಏಳಿ, ಒಳಗೆ ನಡೀರಿ. ಇವತ್ತು ಇದು ಆಡಿಯೇ ಆಡುದು.”

ಚಾವಡಿಯಲ್ಲಿ ಟಿವಿ ಎತ್ತರಕ್ಕೆ, ಸೋಫಾ ದೂರಕ್ಕೆ. ಕಂಟ್ರೋಲರಿನ ವಯರು ಮೂರಡಿಯೂ ಇಲ್ಲ. ಐವತ್ತರ ಹತ್ತಿರದ ಇಬ್ಬರು ಮೊಣಗಂಟು ಹಿಡಿದುಕೊಂಡು ಟಿವಿಯ ಬುಡದಲ್ಲಿ ಚಕ್ಕಳಮಕ್ಕಳ ಹಾಕಿದರು. ಕತ್ತು ಮೇಲೆ. ಮಾಷ್ಟ್ರಿಗೆ ಸೋಫಾ.

ಶಂಕ್ರ ಪಟ್ಟಿ ಓಡಿಸಿದ. ಟಿಕ್ ಟಿಕ್ ಟಿಕ್. ಫೋಲ್ಡರ್ ಒಳಗೆ ಫೋಲ್ಡರ್.

“ಸಿಕ್ತು. ಯಾವುದು ಹಾಕುವ? ಅಮೆರಿಕದ್ದು, ಜಪಾನಿನದ್ದು, ಯುರೋಪಿನದ್ದು, ಮೂರೂ ಉಂಟು. ಜಪಾನಿನದ್ದರಲ್ಲಿ ಕಥೆಯ ಚಿತ್ರ ಎಲ್ಲ ಮಧ್ಯೆ ಮಧ್ಯೆ ಬರ್ತದೆ. ಯುರೋಪಿನದ್ದರಲ್ಲಿ ಮನುಷ್ಯರ ಬದಲು ರೋಬೋಟು...”

“ನಾವು ಆಡಿದ್ದು ಯಾವುದು?”

“ಅದು ನೋಡ್ಬೇಕು. ಜಪಾನಿನದ್ದರ ನಕಲು ಇರ್ಬಹುದು, ಇಲ್ಲ ಅಮೆರಿಕದ್ದು...”

ಕಿಟ್ಟಣ್ಣ ಬಗ್ಗಿ, ಕೈಗೆ ಸಿಕ್ಕಿದ್ದಕ್ಕೆ ಸ್ಟಾರ್ಟ್ ಒತ್ತಿದ.

“ಕೋಡ್, ಕೋಡ್ ಹಾಕು!” ಎಂದು ಅದ್ದುವಿಗೆ ಹೇಳಿದ. “ಮೇಲೆ ಎಷ್ಟು ಸಲ?”

“ಬಾಯಲ್ಲಿ ಹೇಳ್ಲಿಕ್ಕೆ ಬರುದಿಲ್ಲ. ಕೊಡಿ ಇಲ್ಲಿ.” ಅದ್ದು ಕಂಟ್ರೋಲರ್ ಹಿಡಿದು ಕಣ್ಣು ಮುಚ್ಚಿದ. ಹೆಬ್ಬೆರಳು ತನ್ನಷ್ಟಕ್ಕೆ ಓಡಿತು. ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ. ಸೆಲೆಕ್ಟ್. ಸ್ಟಾರ್ಟ್. ತಲೆಗೆ 30 ಜೀವ.

ಆಮೇಲೆ ಆ ಚಾವಡಿಯಲ್ಲಿ ಮನುಷ್ಯರ ಭಾಷೆ ಇರಲಿಲ್ಲ. ಮಾಷ್ಟ್ರು ಕೂಡ ಎದ್ದು ನಿಂತು “ಬಗ್ಗು! ಬಗ್ಗು!” ಅನ್ನುತ್ತಿದ್ದರು, ಯಾರಿಗೆ ಅಂತ ಅವರಿಗೂ ಗೊತ್ತಿರಲಿಲ್ಲ. ಜಲಪಾತಕ್ಕೆ ಬರುವಷ್ಟರಲ್ಲಿ ಜೀವ ತಳ ಕಂಡಿತ್ತು. ಅದ್ದು ಹಾರಿದ, ಮತ್ತೆ ಹಾರಿದ, ಪರದೆ ಅವನೊಟ್ಟಿಗೆ ಏರಿತು, ಕೆಳಗೆ ಶಂಕ್ರ ಸತ್ತ. ಮತ್ತೆ ಸತ್ತ. ಕಡೆಯದ್ದೂ ಹೋಯಿತು. ಶಂಕ್ರ ಎ ಒತ್ತಿದ.

“ಏ! ನನ್ನದು ಯಾಕೆ ತೆಗ್ದದ್ದು? ಬೇವರ್ಸಿ! ಇದ್ದದ್ದೇ ನಾಲ್ಕು!”

“ಕೊಡಾ, ಒಂದು ಅಲ್ವಾ!”

“ಒಂದೂ ಇಲ್ಲ, ಅರ್ಧವೂ ಇಲ್ಲ!”

ಶಂಕ್ರ ನಗು ತಡೆಯಲಾರದೆ ಮತ್ತೆ ಒತ್ತಿದ. ಅಷ್ಟರಲ್ಲಿ ಮನೆಯ ಮೇಲೇ ಬಿದ್ದಂತೆ ಸಿಡಿಲು ಬಡಿದು ಟಿವಿ ಕಪ್ಪಾಯಿತು. ಅದು ಸಿಡಿಲಿಗೆ ಹೋದದ್ದೋ ಸಾವಿತ್ರಿಯಕ್ಕ ಪ್ಲಗ್ ಎಳೆದದ್ದೋ ಎಂದು ತಿರುಗಿ ನೋಡಿದರೆ, ಅವಳ ಕೈಯಲ್ಲಿ ಪ್ಲಗ್ ಇತ್ತು.

ಕತ್ತಲಲ್ಲಿ ಶಂಕ್ರನ ಧ್ವನಿ. “ಹೇಗೂ ಈಗ ಕೆಲಸ ಇಲ್ಲ, ಒಂದು ಹೇಳ್ತೇನೆ ಕೇಳಿ. ಪ್ಲೇಸ್ಟೇಷನಿಂದೂ ಇಂಥ ಮರಿ ಉಂಟು, 2018ರಲ್ಲಿ ಬಂದದ್ದು. ಬರೀ 20 ಆಟ. ಅದಕ್ಕೆ ಈ ಕೇಬಲಿನ ರಗಳೆಯೇ ಇಲ್ಲ, ಪೆನ್‌ಡ್ರೈವಿಗೆ ತುಂಬಿಸಿ ಸಿಕ್ಕಿಸಿದ್ರೆ ಆಯ್ತು. ಭಾವ ಮುಂದಿನ ಸಲ ಬರುವಾಗ...”

“ಸಾವಿತ್ರಿಯಕ್ಕಾ,” ಕಿಟ್ಟಣ್ಣ ಗೋಡೆ ತಡವುತ್ತಾ ಕೇಳಿದ, “ನನ್ನ ಕೊಡೆ ಎಲ್ಲಿಟ್ಟಿದ್ದೀರಿ?”